ಆರತಿ ಆಗದೆ ಟ್ಯಾಬ್ ಮುಚ್ಚಬಾರದು

ಕಂಪ್ಯೂಟರಿನಲ್ಲಿ ಟಿವಿ ನೋಡುವವರು ಅದಕ್ಕೆಂದೇ ಇರುವ ಆ್ಯಪ್ ಹಾಕಿಕೊಂಡು ನೋಡಬೇಕು, ಬ್ರೌಸರಿನಲ್ಲಿ ನೋಡಬಾರದು. ಇದು ನನ್ನ ಖಡಾಖಂಡಿತ ಅಭಿಪ್ರಾಯ. ಕೇಳಿದವರಿಗೂ ಹೇಳುತ್ತೇನೆ, ಕೇಳದವರಿಗೂ ಹೇಳುತ್ತೇನೆ. ತಳಕಲ್ಲಿನ ನಮ್ಮ ಶಾಲೆಯ ಸ್ಟಾಫ್ ರೂಮಿನಲ್ಲಿ ಹೇಳಿದ್ದೇನೆ. ಕೊಪ್ಪಳದ ಬಸ್ಸಿನಲ್ಲಿ ಪಕ್ಕ ಕೂತ ಗುರುತಿಲ್ಲದ ಹೆಂಗಸಿಗೂ ಹೇಳಿದ್ದೇನೆ. ಆಕೆ "ಹೌದ್ರಿ, ಹೌದ್ರಿ" ಎನ್ನುತ್ತಾ ಮುಂದಿನ ಸೀಟು ಖಾಲಿಯಾದದ್ದೇ ತಡ, ಎದ್ದು ಹೋದಳು.

ತಿಳಿದವರು ಇದಕ್ಕೆ ಬೇರೆ ಬೇರೆ ಕಾರಣ ಕೊಡುತ್ತಾರೆ. ನಮ್ಮ ಶಾಲೆಯ ಗಣಿತದ ಮೇಡಂ ಒಮ್ಮೆ ಊಟದ ಬಿಡುವಿನಲ್ಲಿ ತಮ್ಮ ಲ್ಯಾಪ್‌ಟಾಪ್ ತೆರೆದು ನನಗೆ ಪಾಠವನ್ನೇ ಮಾಡಿದರು. ಆ್ಯಪಿನಲ್ಲಿ ಚಿತ್ರ ಸ್ವಚ್ಛ ಬರುತ್ತದೆ, ನಡುವೆ ಸಿಕ್ಕಿಹಾಕಿಕೊಳ್ಳುವುದು ಕಡಿಮೆ. ನೆಟ್ ಇದ್ದಾಗ ಇಳಿಸಿಟ್ಟುಕೊಂಡರೆ ಇಲ್ಲದಾಗ ನೋಡಬಹುದು. ಎಲ್ಲಿ ಬಿಟ್ಟಿದ್ದಿರೋ ಅಲ್ಲಿಂದಲೇ ಶುರು. ಮನೆಯ ಒಬ್ಬೊಬ್ಬರಿಗೂ ಒಂದೊಂದು ಖಾತೆ, ಒಬ್ಬರದರಲ್ಲಿ ಇನ್ನೊಬ್ಬರು ಕಾಲಿಡುವುದಿಲ್ಲ. ಮುಖ್ಯವಾಗಿ, ಟಿವಿ ಟಿವಿಯ ಪಾಡಿಗೆ ಇರುತ್ತದೆ, ನಿಮ್ಮ ಕೆಲಸ ನಿಮ್ಮ ಪಾಡಿಗೆ. ಮೇಡಂ ಹೇಳಿದ್ದರಲ್ಲಿ ಒಂದಕ್ಷರವೂ ಸುಳ್ಳಲ್ಲ. ಆದರೆ ಅವರ ಮನೆಯಲ್ಲಿ ನಮ್ಮ ಅತ್ತೆಯಂಥ ಅತ್ತೆ ಇಲ್ಲ, ನಮ್ಮ ಯಜಮಾನರಂಥ ಯಜಮಾನರಂತೂ ಇಲ್ಲವೇ ಇಲ್ಲ. ಹೀಗಾಗಿ ಆ್ಯಪಿನ ನಿಜವಾದ ಮಹತ್ವ ಅವರಿಗೂ ಪೂರ್ತಿ ಗೊತ್ತಿಲ್ಲ.

ನಾನು ಅತಿಥಿ ಶಿಕ್ಷಕಿ. ಅತಿಥಿ ಎಂದರೆ ಕಾಲಿಗೆ ನೀರು ಕೊಟ್ಟು ಚಾಪೆ ಹಾಸುತ್ತಾರೆ ಎಂದು ಭಾವಿಸಬೇಡಿ. ಜೂನ್ ಬಂದರೆ ಮತ್ತೆ ಅರ್ಜಿ, ಬೇಸಿಗೆ ರಜೆ ಬಂದರೆ ಸಂಬಳ ಬಂದ್, ಕಾಯಂ ಮಾಸ್ತರು ಯಾರಾದರೂ ವರ್ಗವಾಗಿ ಬಂದರೆ ಸೀಮೆಸುಣ್ಣ ಕೆಳಗಿಟ್ಟು ಮನೆಗೆ ನಡೆಯಬೇಕು. ಲ್ಯಾಪ್‌ಟಾಪ್ ನನ್ನದೇ. ಒಂದು ತರಬೇತಿಗೆ ಬೇಕೆಂದು ಕೊಂಡದ್ದು. ಅದರ ಪಾಸ್‌ವರ್ಡ್ ಮಾತ್ರ ಯಜಮಾನರದು. ಹೊಸದಾಗಿ ತಂದ ದಿನ "ತಡಿ, ನಾ ಸೆಟ್ ಮಾಡ್ಕೊಡ್ತೀನಿ" ಎಂದು ಕೂತರು. ಸೆಟ್ ಮಾಡಿ ಎದ್ದಾಗ ಯಂತ್ರ ನನ್ನದು, ಕೀಲಿ ಅವರದು ಆಗಿತ್ತು.

ಯಜಮಾನರು ಕುಷ್ಟಗಿಯ ಒಂದು ಸೊಸೈಟಿಯಲ್ಲಿ ಗುಮಾಸ್ತರು. ದಿನಾ ಯಲಬುರ್ಗಾದಿಂದ ಬಸ್ಸಿಗೆ ಹೋಗಿ ಬರುತ್ತಾರೆ. ಯಲಬುರ್ಗಾದ ಬಾಡಿಗೆ ಮನೆಗೆ ನಾವು ಬಂದಾಗ ಟಿವಿಯ ಪ್ರಶ್ನೆ ಎದ್ದಿತು. ಮಾಳಿಗೆಯ ಮೇಲೆ ಡಿಶ್ ಕೂರಿಸಲು ಮಾಲೀಕರ ಹೆಂಡತಿ ಒಪ್ಪಲಿಲ್ಲ. ಆಕೆ ಅಲ್ಲಿ ವರ್ಷವಿಡೀ ಏನಾದರೊಂದು ಒಣಹಾಕುತ್ತಾಳೆ. "ಡಿಶ್‌ನಾಗಿನ ಕರೆಂಟು ಶಾವಿಗಿಗೆ ತಾಕಿದ್ರ ಯಾರ್ ಜವಾಬ್ದಾರಿ?" ಎಂದು ಕೇಳಿದಳು. ನಮ್ಮ ಯಜಮಾನರು ಕೆಳಗಿಳಿದು ಬಂದವರು, ಹೊಸ್ತಿಲ ಮೇಲೆ ನಿಂತು ಘೋಷಿಸಿದರು:

"ಈ ಕಾಲದಾಗ ಡಿಶ್ ಯಾರಿಗೆ ಬೇಕು? ಬ್ರೌಸರ್ ಐತಿ."

ಅಂದಿನಿಂದ ನನ್ನ ಲ್ಯಾಪ್‌ಟಾಪು ಪಡಸಾಲೆಯ ಹೊಲಿಗೆ ಮೆಷಿನ್ನಿನ ಮೇಲೆ ಪ್ರತಿಷ್ಠಾಪನೆಗೊಂಡಿತು. ಯಜಮಾನರು ಬ್ರೌಸರನ್ನು ಹೊಗಳುವುದನ್ನು ಕೇಳಿದರೆ ಅದನ್ನು ಇವರೇ ಸೊಸೈಟಿಯ ಹಿಂದಿನ ಕೋಣೆಯಲ್ಲಿ ಕೂತು ತಯಾರಿಸಿದ್ದಾರೆ ಎನಿಸುತ್ತಿತ್ತು. ಅವರಿಗೆ ಒಂದು ಕಿಟಕಿ ಸಾಲದು. ಸುದ್ದಿಯ ಜಗಳ ಒಂದರಲ್ಲಿ, ಧಾರಾವಾಹಿ ಇನ್ನೊಂದರಲ್ಲಿ, ಕ್ರಿಕೆಟ್ ಮತ್ತೊಂದರಲ್ಲಿ. ಸಂಜೆಯ ಆಟಕ್ಕೆ ಬೆಳಿಗ್ಗೆಯೇ ಟ್ಯಾಬ್ ತೆರೆದಿಟ್ಟು ಹೋಗುವ ರೂಢಿ. ಬಸ್ಸಿನ ಕಿಟಕಿಯಿಂದ ಸೀಟಿಗೆ ಟವೆಲ್ ಹಾಕುವವರ ಪೈಕಿ ಅವರು. ಜಾಗ ಸಿಗುತ್ತದೋ ಇಲ್ಲವೋ, ಮೊದಲು ಟವೆಲ್ ಬಿದ್ದಿರಬೇಕು.

ಅತ್ತೆಯ ತವರು ಹನುಮನಹಳ್ಳಿಯ ಕಡೆ. ಅಂಜನಾದ್ರಿಯ ಮೆಟ್ಟಿಲನ್ನು ಹುಡುಗಿಯಾಗಿದ್ದಾಗ ದಿನಾ ಹತ್ತಿ ಇಳಿದವರು. ಈಗ ಮೊಣಕಾಲು ಕೈಕೊಟ್ಟಿವೆ. ಒಂದು ಶನಿವಾರ ಯಜಮಾನರು ಬ್ರೌಸರಿನಲ್ಲಿ ಹನುಮಪ್ಪನ ದರ್ಶನ ತೆರೆದು ತೋರಿಸಿದರು. ಅತ್ತೆ ನೆಲಕ್ಕೆ ಕೂತು, ಹಣೆ ಮುಟ್ಟಿಸಿ, ಕಣ್ಣೀರು ಹಾಕಿದರು. ನಾನೂ ಸೆರಗಿನಿಂದ ಕಣ್ಣೊರೆಸಿಕೊಂಡೆ, ಸುಳ್ಳು ಹೇಳುವುದಿಲ್ಲ. ಯಜಮಾನರು ಮಾತ್ರ ಬೆಟ್ಟವನ್ನೇ ಹೊತ್ತು ತಂದವರ ಹಾಗೆ ಮೀಸೆಯ ಮೇಲೆ ಕೈಯಾಡಿಸಿಕೊಂಡರು.

ತೊಂದರೆ ಶುರುವಾದದ್ದು ಅರ್ಧ ತಾಸಿನ ನಂತರ. ನಾನು ಮಕ್ಕಳ ಪ್ರಶ್ನೆಪತ್ರಿಕೆ ಟೈಪ್ ಮಾಡಬೇಕೆಂದು ಹನುಮಪ್ಪನ ಟ್ಯಾಬ್ ಮುಚ್ಚಿದೆ. ಅಡುಗೆಮನೆಯ ಬಾಗಿಲಲ್ಲಿದ್ದ ಅತ್ತೆ ಚೀರಿದ ಚೀರಿಗೆ ಶಾವಿಗೆಯ ಮಾಲಕಿ ಮಾಳಿಗೆಯಿಂದ ಬಗ್ಗಿ ನೋಡಿದಳು.

"ಏನ್ ಮಾಡಿದಿ ಬೇ! ದೇವ್ರ ಮುಖದ ಮ್ಯಾಲ ಬಾಗ್ಲಾ ಹಾಕ್ತಿಯೇನ? ಆರತಿ ಆಗಿಲ್ಲ, ಏನಿಲ್ಲ!"

ನಮ್ಮ ಮನೆಯ ರೀತಿ ಗೊತ್ತಿದ್ದವರಿಗೆ ಇದು ಅರ್ಥವಾಗುತ್ತದೆ. ಅತ್ತೆ ದೀಪ ಆರಿಸು ಎನ್ನುವವರಲ್ಲ, ಶಾಂತ ಮಾಡು ಎನ್ನುವವರು. ಹೋಗುತ್ತೇನೆ ಎಂದು ಯಾರಾದರೂ ಹೊರಟರೆ ತಿರುಗಿ ಕರೆದು, ಬರ್ತೀನಿ ಎನ್ನಿಸಿ ಕಳಿಸುವವರು. ಅಂಥವರ ಎದುರಿಗೆ ನಾನು ಹನುಮಪ್ಪನನ್ನು ಮೂಲೆಯ ಗುಣಾಕಾರ ಚಿಹ್ನೆಯಿಂದ ಅಳಿಸಿಹಾಕಿದ್ದೆ. ಆ ದಿನವೇ ಕಾನೂನು ಜಾರಿಯಾಯಿತು. ಮಂಗಳಾರತಿ ಆಗದ ಹೊರತು ಯಾವ ದೇವರ ಟ್ಯಾಬನ್ನೂ ಮುಚ್ಚುವಂತಿಲ್ಲ.

ಗುಡಿಯಲ್ಲಾದರೆ ಮಂಗಳಾರತಿಗೆ ಒಂದು ಹೊತ್ತಿರುತ್ತದೆ. ನೆಟ್ಟಿನಲ್ಲಿ ದೇವರಿಗೆ ಹೊತ್ತು ಗೊತ್ತಿಲ್ಲ. ಒಂದು ಕಡೆ ಅಭಿಷೇಕ, ಒಂದು ಕಡೆ ಅಲಂಕಾರ, ಒಂದು ಕಡೆ ಹಳೆಯದನ್ನೇ ತಿರುಗಿಸಿ ತಿರುಗಿಸಿ ತೋರಿಸುತ್ತಿರುತ್ತಾರೆ. ಆರತಿಯ ಹೊತ್ತಿಗೆ ಸರಿಯಾಗಿ ಕರೆಂಟು ಹೋಗುವುದು ಬೇರೆ. ಹೀಗಾಗಿ ತೆರೆದ ದೇವರು ತೆರೆದಂತೆಯೇ ಉಳಿಯತೊಡಗಿದರು. ಹನುಮಪ್ಪನ ಪಕ್ಕ ಹುಲಿಗೆಮ್ಮ ಬಂದಳು. ಆಕೆಯ ಪಕ್ಕ ತಿಮ್ಮಪ್ಪ ಬಂದ. ಓಣಿಯ ಹೆಂಗಸರಿಗೆ ಸುದ್ದಿ ಮುಟ್ಟಿ, "ನಮ್ಮ ಮನಿದೇವ್ರನೂ ಒಂಚೂರು ಹಚ್ಚರಿ" ಎಂದು ಅವರೂ ಬಂದರು. ವೀರಭದ್ರ ಬಂದ, ಕಾಶಿಯ ವಿಶ್ವನಾಥ ಬಂದ, ಶಾವಿಗೆ ಮಾಲಕಿಯ ತವರಿನ ಎಲ್ಲಮ್ಮ ಬಂದಳು. ಡಿಶ್ಶಿನ ಕರೆಂಟಿಗೆ ಹೆದರಿದವಳು ನನ್ನ ಲ್ಯಾಪ್‌ಟಾಪಿನ ಕರೆಂಟಿಗೆ ಹೆದರಲಿಲ್ಲ, ಅದು ದೇವರ ಕರೆಂಟು. ಟ್ಯಾಬುಗಳು ಸೊರಗಿ ಸೊರಗಿ, ಹೆಸರು ಓದಲಾಗದಷ್ಟು ಸಣ್ಣ ಸೀಳುಗಳಾಗಿ ಮೇಲುಗಡೆ ಸಾಲಾಗಿ ನಿಂತವು.

ಪೆಟ್ಟಿಗೆಗಳ ಕಾಟ ಬೇರೆ. ಬ್ರೌಸರಿನಲ್ಲಿ ಕ್ಷಣಕ್ಕೊಂದು ಚೌಕ ಮೂಡಿ "ಅನುಮತಿಸುವಿರಾ?" ಎಂದು ಕೇಳುತ್ತದಲ್ಲ, ಅತ್ತೆ ಅದಕ್ಕೆಲ್ಲ ನೀಲಿ ಗುಂಡಿ ಒತ್ತುತ್ತಿದ್ದರು. ಯಾಕೆಂದು ಕೇಳಿದೆ. "ಬಾಗ್ಲಿಗೆ ಬಂದು ಕೇಳಿದವ್ರಿಗೆ ಬ್ಯಾಡ ಅನ್ನೂದು ಹೆಂಗಬೇ?" ಎಂದರು. ಅತ್ತೆಯ ಈ ಔದಾರ್ಯದಿಂದ ಮೊಣಕಾಲೆಣ್ಣೆಯವರು, ಕೂದಲೆಣ್ಣೆಯವರು, ಜಾತಕದವರು, ಕುರಿ ಮೇವಿನವರು ಎಲ್ಲರೂ ನಮ್ಮ ಮನೆಗೆ ಖಾಯಂ ನೆಂಟರಾದರು. ನಾನು ಒಂದು ಸಾಲು ಟೈಪ್ ಮಾಡುವಷ್ಟರಲ್ಲಿ ಮೂಲೆಯಿಂದ ಒಬ್ಬ ಎದ್ದು ನಿನ್ನ ಗುರುಬಲ ಹೇಗಿದೆ ಎಂದು ಕೇಳುತ್ತಿದ್ದ.

ನಾನು ಸುಮ್ಮನಿರುವ ಪೈಕಿಯಲ್ಲ. ಒಂದು ಭಾನುವಾರ ಯಜಮಾನರು ಚಹಾ ಕುಡಿಯುತ್ತ ಒಳ್ಳೆಯ ಮನಸ್ಸಿನಲ್ಲಿದ್ದಾಗ ಹೇಳಿದೆ.

"ರೀ, ನಮ್ಮ ಗಣಿತದ ಮೇಡಂ ಹೇಳಿದ್ರು, ಟಿವಿಗಿ ಬ್ಯಾರೇನ ಆ್ಯಪ್ ಬರತೈತಂತ. ಹಾಕ್ಕೊಂಡ್ರ ಅತ್ತಿ ದರ್ಶನ ಅದರಾಗ, ನಿಮ್ಮ ಮ್ಯಾಚ್ ಅದರಾಗ. ನನ್ನ ಕೆಲಸಕ್ಕ ಬ್ರೌಸರ್ ಖಾಲಿ ಉಳೀತೈತಿ."

ಅವರು ಚಹಾದ ಬಸಿ ಕೆಳಗಿಟ್ಟರು. ಬಸಿ ಕೆಳಗಿಟ್ಟರೆಂದರೆ ಭಾಷಣವಿದೆ ಎಂದರ್ಥ.

"ನೋಡು, ಆ್ಯಪ್ ಅಂದ್ರ ಬಾಡಿಗಿ ಮನಿ. ಬ್ರೌಸರ್ ಅಂದ್ರ ಸ್ವಂತ ಮನಿ. ಆ್ಯಪ್ ಜಾಗ ತಿಂತೈತಿ, ಒಳಗ ಕುಂತು ನಮ್ಮ ಮಾತ್ ಕೇಳತೈತಿ. ಬ್ರೌಸರ್‌ನಾಗ ಎಲ್ಲಾ ಒಂದ ಕಡೆ, ಒಂದ ಸೂರಿನ ಕೆಳಗ. ನೀ ಸಾಲ್ಯಾಗ ಮಕ್ಕಳಿಗಿ ಕಲಸು, ನನಗ ಕಲಸಬ್ಯಾಡ."

ಈ ಮಾತನ್ನು ಅವರು ಆಡಿದ್ದು ಬಾಡಿಗೆ ಮನೆಯ ಪಡಸಾಲೆಯಲ್ಲಿ, ನನ್ನ ಲ್ಯಾಪ್‌ಟಾಪಿನ ಮುಂದೆ. ಅದು ಅವರಿಗೆ ಹೊಳೆಯಲಿಲ್ಲ. ನಾನು ಕಪ್ಪು-ಬಸಿ ತೆಗೆದುಕೊಂಡು ಒಳಗೆ ಹೋದೆ. ಪಾತ್ರೆಗಳು ಆ ದಿನ ಸ್ವಲ್ಪ ಜೋರಾಗಿ ತೊಳೆಯಲ್ಪಟ್ಟವು.

ಇಂಥದರಲ್ಲಿ ನನಗೊಂದು ಕರೆ ಬಂತು. ಹಳ್ಳಿ ಶಾಲೆಗಳಿಗೆ ಆನ್‌ಲೈನ್ ಪಾಠ ಕಳಿಸುವ ಒಂದು ಸಂಸ್ಥೆಗೆ ನಾನು ಅರ್ಜಿ ಹಾಕಿದ್ದೆ. ಕೆಲಸ ಮನೆಯಿಂದಲೇ, ಬೇಸಿಗೆಯಲ್ಲೂ ಸಂಬಳ, ಜೂನ್‌ನಲ್ಲಿ ಕೈಮುಗಿದು ನಿಲ್ಲುವ ಪ್ರಶ್ನೆಯಿಲ್ಲ. ಭಾನುವಾರ ಮಧ್ಯಾಹ್ನ ಕಂಪ್ಯೂಟರಿನ ಮುಂದೆ ಕೂತು ಅವರೆದುರು ಒಂದು ಸಣ್ಣ ಪಾಠ ಮಾಡಿ ತೋರಿಸಬೇಕು. ಚೆನ್ನಾಗಿ ಮಾಡಿದರೆ ಕೆಲಸ. ಅವರು ಕಳಿಸಿದ ಲಿಂಕ್ ಒತ್ತಿದರೆ ಬ್ರೌಸರಿನಲ್ಲೇ ತೆರೆದುಕೊಳ್ಳುತ್ತದಂತೆ.

ನಾನು ಆ ವಾರ ಎಷ್ಟು ತಯಾರಿ ಮಾಡಿದೆ ಎಂದರೆ ರೊಟ್ಟಿ ಬಡಿಯುವಾಗಲೂ ಬಾಯಿ ಪಾಠ ಹೇಳುತ್ತಿತ್ತು. ವಿಷಯವೂ ರೊಟ್ಟಿಯೇ. ಒಂದು ಜೋಳದ ರೊಟ್ಟಿಯನ್ನು ಮುರಿದು ಅರ್ಧ, ಕಾಲು, ಮುಕ್ಕಾಲು ಹೇಳಿಕೊಡುವುದು ನನ್ನ ಉಪಾಯ. ತಳಕಲ್ಲಿನ ಮಕ್ಕಳ ಮುಂದೆ ಅದನ್ನು ಮಾಡಿ ನೋಡಿದ್ದೆ. ಹಿಂದಿನ ಬೆಂಚಿನವರೂ ಬಾಯಿ ತೆರೆದು ಕೇಳಿದ್ದರು. ಈ ನೌಕರಿ ನನಗೆ ಬೇಕಾಗಿತ್ತು. ಇಷ್ಟು ವರ್ಷ ಪಾಠ ಮಾಡಿಯೂ ಪ್ರತಿ ಜೂನ್‌ನಲ್ಲಿ ಹೊಸಬಳಂತೆ ನಿಂತು ನಿಂತು ಬೇಸತ್ತಿದ್ದೆ. ಮನಸ್ಸಿನಲ್ಲಿ ಆಗಲೇ ಆ ಕುರ್ಚಿಯಲ್ಲಿ ಕೂತುಬಿಟ್ಟಿದ್ದೆ.

ಮನೆಯಲ್ಲಿ ಮುಂಚೆಯೇ ಹೇಳಿದೆ. ಅತ್ತೆ ತಕ್ಷಣ ಒಪ್ಪಿದರು. "ನಿನ್ ನೌಕ್ರಿ ಆಗೂ ತನಕ ನಾ ದರ್ಶನ ಕೇಳೂದಿಲ್ಲ ಬಿಡು" ಎಂದರು. ದೇವರನ್ನು ಮುಚ್ಚೋಣವೇ ಎಂದಾಗ ಮಾತ್ರ ಮುಖ ಸಣ್ಣದಾಯಿತು. ಆಗ ಯಜಮಾನರು ನಡುವೆ ಬಂದು ಕೈ ಎತ್ತಿದರು.

"ಮುಚ್ಚೂದೇನ್ ಬ್ಯಾಡ. ಎಲ್ಲಾರ ಬಾಯಿ ಬಂದ್ ಮಾಡ್ತೀನಿ, ಅಷ್ಟ. ಬ್ರೌಸರ್‌ನಾಗ ಅದಕ್ಕೂ ವ್ಯವಸ್ಥಾ ಐತಿ."

ಭಾನುವಾರ ಬೆಳಿಗ್ಗೆ ಸ್ನಾನ ಮುಗಿಸಿ ಕೂತು, ಒಂದೊಂದೇ ದೇವರ ಸದ್ದನ್ನು ಅಡಗಿಸಿದರು. ಪ್ರತಿಯೊಂದಕ್ಕೂ ಹೆಸರು ಹಿಡಿದು ಹೇಳಿದರು: ತಿಮ್ಮಪ್ಪ ಬಂದ್, ಹುಲಿಗೆಮ್ಮ ಬಂದ್. ಕೊನೆಗೆ ಕೈ ಕೊಡವಿಕೊಂಡು, "ದೇವ್ರಿಗೆಲ್ಲಾ ಮೌನವ್ರತ. ಇನ್ನ ನೀ ಧೈರ್ಯಾಲೆ ಹೊಡಿ" ಎಂದರು. ಅತ್ತೆಯೂ ತಮ್ಮ ಪಾಲಿನದನ್ನು ಮಾಡಿದರು. ಶುಭಕಾರ್ಯವೆಂದು ಲ್ಯಾಪ್‌ಟಾಪಿನ ಮಡಿಕೆಗೆ ಸೇವಂತಿಗೆ ಸಿಕ್ಕಿಸಿ, ತೆರೆಯ ಮೇಲ್ತುದಿಯಲ್ಲಿ ಸಣ್ಣ ಬೊಟ್ಟಿನಂತಿದ್ದ ಜಾಗವನ್ನು ಅದರ ಹಣೆ ಎಂದು ತಿಳಿದು ಕುಂಕುಮ ಹಚ್ಚಿದರು. ಅದು ಕ್ಯಾಮೆರಾ.

ಲಿಂಕ್ ತೆರೆದಾಗ ಆ ಕಡೆಯ ಮೂವರು ಸ್ಪಷ್ಟವಾಗಿ ಕಂಡರು. ನಾನು ಅವರಿಗೆ ಕೆಂಪು ಮಂಜಿನೊಳಗೆ ಕಂಡೆ. ಕನ್ನಡಕದ ಒಬ್ಬ ಮೇಡಂ ಬೆಂಗಳೂರು ಮಾತಿನಲ್ಲಿ ಕೇಳಿದರು: "ಮೇಡಂ, ನಿಮ್ಮ ಕಡೆ ಆಗಲೇ ಸಂಜೆ ಆಯ್ತಾ?" ನಾನು ಸೆರಗಿನಿಂದ ಒರೆಸಿದೆ. ಕುಂಕುಮ ಇನ್ನಷ್ಟು ಹರಡಿತು. ಇರಲಿ ಎಂದು ರೊಟ್ಟಿ ಕೈಗೆತ್ತಿಕೊಂಡು ಪಾಠ ಶುರು ಮಾಡಿದೆ. ಎರಡು ಮಾತಿಗೇ ಅವರ ಮುಖ ಸಡಿಲಾಯಿತು. ರೊಟ್ಟಿ ಅರ್ಧ ಮುರಿದಾಗ ಒಬ್ಬರು ನಕ್ಕರು, ತಲೆಯಾಡಿಸಿ ಏನೋ ಬರೆದುಕೊಂಡರು. ನನಗೆ ರೆಕ್ಕೆ ಬಂದಂತಾಯಿತು.

ಕಾಲು ಭಾಗಕ್ಕೆ ಬಂದಿದ್ದೆ. ಇದ್ದಕ್ಕಿದ್ದಂತೆ ಲ್ಯಾಪ್‌ಟಾಪಿನೊಳಗಿಂದ ಡೋಲು ಮೊಳಗಿತು. ಅದರ ಹಿಂದೆ ಕಹಳೆ. ಅದರ ಹಿಂದೆ ಸಾವಿರಾರು ಜನ ಒಟ್ಟಿಗೆ ಹೋ ಎಂದು ಕೂಗಿದ ಸಪ್ಪಳ. ನನ್ನ ದನಿ ನನಗೇ ಕೇಳಲಿಲ್ಲ.

"ಮೇಡಂ, ದೇವಸ್ಥಾನದಲ್ಲಿ ಕೂತಿದ್ದೀರಾ?" ಎಂದರು ಕನ್ನಡಕದವರು.

"ಇಲ್ರಿ, ಮನಿಯಾಗ ಅದೀನ್ರಿ" ಎಂದೆ. ನಂಬುವಂತಿರಲಿಲ್ಲ. ಮುಂದೆ ಕುಂಕುಮ, ಪಕ್ಕದಲ್ಲಿ ಸೇವಂತಿಗೆ, ಸುತ್ತ ಡೋಲು. ಅಷ್ಟರಲ್ಲಿ ಸಪ್ಪಳ ಕೇಳಿ ಅತ್ತೆ ಒಳಗಿನಿಂದ ಬಂದು, ಯಾವುದೋ ದೇವರ ಉತ್ಸವ ಹೊರಟಿದೆ ಎಂದುಕೊಂಡು, ನನ್ನ ಬೆನ್ನ ಹಿಂದೆ ಕೈಮುಗಿದು ನಿಂತರು. ಕೆಂಪು ಮಂಜಿನಲ್ಲಿ ಅವರೂ ಕಂಡಿರಬೇಕು.

ನಾನು ಸದ್ದಿನ ಮೂಲ ಹುಡುಕಲು ಮೌಸ್ ಆಡಿಸಿದೆ. ಆ ಸೀಳುಗಳಲ್ಲಿ ಯಾವುದು ಯಾರ ಗುಡಿಯೋ ತಿಳಿಯಲಿಲ್ಲ. ಯಜಮಾನರು ಓಡಿ ಬಂದರು. "ಸರಿ, ಸರಿ, ನಿನಗ ತಿಳಿಯೂದಿಲ್ಲ" ಎಂದು ಮೌಸ್ ಕಿತ್ತುಕೊಂಡು, ಮೂಲೆಯ ಗುಣಾಕಾರ ಚಿಹ್ನೆಯನ್ನೇ ಒತ್ತಿದರು. ಒಂದು ಟ್ಯಾಬಿನದಲ್ಲ, ಇಡೀ ಬ್ರೌಸರಿನದು. ಡೋಲು ನಿಂತಿತು. ದೇವರುಗಳು ಹೋದರು. ದೇವರ ಜೊತೆಗೆ ಆ ಮೂವರೂ ಹೋದರು. ಒಂದೇ ಸೂರಿನ ಕೆಳಗಿನ ಸ್ವಂತ ಮನೆ ಅದು, ಕುಸಿದರೆ ಎಲ್ಲರ ಮೇಲೂ ಕುಸಿಯುತ್ತದೆ.

"ಆರತಿ ಆಗಿಲ್ಲೋ ತಮ್ಮಾ!" ಎಂದು ಅತ್ತೆ ಕೂಗಿದರು.

ಯಜಮಾನರು ಮತ್ತೆ ಬ್ರೌಸರ್ ತೆರೆದರು. ಹಿಂದಿನ ಪುಟಗಳನ್ನು ಮರಳಿ ತರಲೇ ಎಂದು ಅದು ಕೇಳಿತು. ಅವರು ನೀಲಿ ಗುಂಡಿ ಒತ್ತಿ, "ನೋಡು, ಎಷ್ಟ್ ಹುಷಾರಿ ಐತಿ" ಎಂದರು. ಎಲ್ಲ ದೇವರೂ ಒಟ್ಟಿಗೆ ಬರಲು ಹೊರಟು, ಲ್ಯಾಪ್‌ಟಾಪು ಏದುಸಿರು ಬಿಡುತ್ತ ನಿಂತುಬಿಟ್ಟಿತು. ನನ್ನ ಲಿಂಕ್ ಮತ್ತೆ ತೆರೆದುಕೊಂಡಾಗ ಆ ಕಡೆ ಯಾರೂ ಇರಲಿಲ್ಲ. ಸಭೆ ಮುಗಿದಿದೆ ಎಂಬ ಒಂದು ಸಾಲು ಇತ್ತು. ಕೈಯಲ್ಲಿ ಮುಕ್ಕಾಲು ರೊಟ್ಟಿ ಉಳಿದಿತ್ತು.

ಸಂಜೆಯೇ ಉತ್ತರ ಬಂತು. ತಮ್ಮ ಪಾಠ ಹಿಡಿಸಿತು, ಆದರೆ ಮನೆಯಿಂದ ಕೆಲಸ ಮಾಡುವವರಿಗೆ ಶಾಂತವಾದ ಜಾಗ ಅಗತ್ಯ, ಮತ್ತೆ ಪ್ರಯತ್ನಿಸಿ, ಎಂದಿತ್ತು. ನಾನು ಒಳಗಿನ ಕೋಣೆಯಲ್ಲಿ ಗೋಡೆಗೆ ಮುಖ ಮಾಡಿ ಮಲಗಿ ಅತ್ತುಬಿಟ್ಟೆ. ಯಜಮಾನರು ನನ್ನ ದುಃಖಕ್ಕೆ ಅಡ್ಡಿಯಾಗಬಾರದೆಂದು ಕಿವಿಗೆ ವೈರು ಸಿಕ್ಕಿಸಿಕೊಂಡು ಆ ದಿನದ ಮ್ಯಾಚನ್ನು ಕೊನೆಯ ತನಕ ನೋಡಿದರು. ಅದು ಮುಗಿದ ಮೇಲೆ ಗಂಗಾವತಿಯಲ್ಲಿರುವ ತಮ್ಮ ಅಕ್ಕನಿಗೆ ಫೋನ್ ಹಚ್ಚಿದರು. ನಮ್ಮ ಮನೆಯ ಗೋಡೆಗಳು ತೆಳ್ಳಗಿವೆ.

"ಏನಿಲ್ಲಕ್ಕಾ, ಅವ್ವನ ದೇವ್ರು ಇಕಿ ನೌಕ್ರಿ ತಿಂದ್ವು. ಬಾಯಿ ಬಂದ್ ಮಾಡಿದ್ರೂ ಒದರಿದ್ವು ನೋಡು. ನಾ ಏನ್ ಮಾಡ್ಲಿ?"

ನಾನೂ ಹಾಗೆಯೇ ನಂಬಿದ್ದೆ. ಅಡುಗೆಮನೆಯಲ್ಲಿ ಅತ್ತೆಯ ಬಳೆಯ ಸದ್ದು ನಿಂತದ್ದು ಕೇಳಿಸಿತು. ಅವರು ಆ ರಾತ್ರಿ ಉಣ್ಣಲಿಲ್ಲ. ನಾನು ಉಣ್ಣಿ ಎಂದೂ ಕರೆಯಲಿಲ್ಲ, ಅಷ್ಟು ಸಿಟ್ಟಿತ್ತು ನನಗೆ ಅವರ ಹನುಮಪ್ಪನ ಮೇಲೆ.

ಮರುದಿನ ಬೆಳಿಗ್ಗೆ ಅತ್ತೆ ಮೈತೊಳೆದುಕೊಂಡು, ಒದ್ದೆ ಕೂದಲಲ್ಲೇ, ಆರತಿ ತಟ್ಟೆ ಹಿಡಿದು ನನ್ನ ಮುಂದೆ ನಿಂತರು. ಕಣ್ಣು ಊದಿಕೊಂಡಿದ್ದವು.

"ಬಾ ಬೇ. ಎಲ್ಲಾರ್ನೂ ಕಳಿಸಿಕೊಡೂನು. ನನ್ನ ದೇವ್ರಿಂದ ನಿನ್ ಅನ್ನ ಹೋಗೂದು ಬ್ಯಾಡ. ನಾ ಆರತಿ ಮಾಡ್ತೀನಿ, ನೀ ಮುಚ್ಚು."

ನನ್ನ ಸಿಟ್ಟೆಲ್ಲ ಆ ಮುಖ ನೋಡಿ ಇಳಿದುಹೋಯಿತು. ಯಜಮಾನರು ಕುಷ್ಟಗಿಯ ಬಸ್ಸಿಗೆ ತಯಾರಾಗಿ, ಬಾಗಿಲಲ್ಲಿ ಚಹಾ ಕುಡಿಯುತ್ತ ನಿಂತಿದ್ದರು. ಪಾಸ್‌ವರ್ಡ್ ಹೊಡೆದುಕೊಟ್ಟರು. ದಿನಾ ನೋಡಿ ನೋಡಿ ಅವರ ಬೆರಳಿನ ದಾರಿ ನನಗೂ ಬಾಯಿಪಾಠವಾಗಿತ್ತು. ಬ್ರೌಸರ್ ಎದ್ದದ್ದೇ ತಡ, ನಿನ್ನೆಯ ಡೋಲು, ನಿನ್ನೆಯ ಕಹಳೆ, ಅದೇ ಜನರ ಕೂಗು.

"ನೋಡು, ಇನ್ನೂ ಸಿಟ್ಟಿನ್ಯಾಗ ಅದಾರ" ಎಂದು ಅತ್ತೆ ಗಲ್ಲ ಬಡಿದುಕೊಂಡರು.

ಕರ್ಪೂರ ಹಚ್ಚಿದೆವು. ಮೊದಲು ಹನುಮಪ್ಪ. ಅತ್ತೆ ತೆರೆಗೆ ಆರತಿ ಬೆಳಗಿ, "ಹೋಗಿ ಬಾರಪ್ಪಾ, ಮುದುಕಿ ಮ್ಯಾಲ ಬ್ಯಾಸರ ಆಗಬ್ಯಾಡ" ಎಂದರು. ನಾನು ಮುಚ್ಚಿದೆ. ಡೋಲು ನಿಲ್ಲಲಿಲ್ಲ. ಹುಲಿಗೆಮ್ಮನಿಗೆ ಉಡಿ ತುಂಬುತ್ತೇನೆಂದು ಮಾತು ಕೊಟ್ಟು ಕಳಿಸಿದರು. ಡೋಲು ನಿಲ್ಲಲಿಲ್ಲ. ತಿಮ್ಮಪ್ಪ ಹೋದ, ವಿಶ್ವನಾಥ ಹೋದ, ಶಾವಿಗೆ ಮಾಲಕಿಯ ಎಲ್ಲಮ್ಮ ಹೋದಳು. ಟ್ಯಾಬುಗಳು ಕಡಿಮೆಯಾಗುತ್ತ ಒಂದೊಂದೂ ಅಗಲವಾದವು. ಅಗಲವಾದಂತೆ ನನಗೆ ಒಂದು ಸಂಗತಿ ಕಾಣಿಸತೊಡಗಿತು. ಪ್ರತಿ ದೇವರ ಟ್ಯಾಬಿನ ಮೇಲೂ ಸ್ಪೀಕರಿನ ಸಣ್ಣ ಗುರುತಿಗೆ ಅಡ್ಡಗೆರೆ ಹಾಕಿತ್ತು. ಎಲ್ಲರೂ ಹೇಳಿದ ಮಾತಿನಂತೆ ಬಾಯಿ ಮುಚ್ಚಿಕೊಂಡೇ ಇದ್ದರು.

ವೀರಭದ್ರನೂ ಹೋದ ಮೇಲೆ ಕೊನೆಗೊಂದು ಉಳಿಯಿತು. ಅದಕ್ಕೆ ಅಡ್ಡಗೆರೆ ಇರಲಿಲ್ಲ. ಒತ್ತಿದೆ. ತೆರೆಯ ತುಂಬ ಹಸಿರು ಮೈದಾನ ಬಂತು. ಆಟ ಶುರುವಾಗುವ ಮುಂಚಿನ ಗದ್ದಲ, ಡೋಲು ಬಾರಿಸುವವರು, ಮುಖಕ್ಕೆ ಬಣ್ಣ ಬಳಿದುಕೊಂಡು ಕಹಳೆ ಊದುವವರು. ನಿನ್ನೆಯದನ್ನೇ ಮೊದಲಿನಿಂದ ತೋರಿಸುತ್ತಿದ್ದರು.

ಅತ್ತೆ ಆರತಿ ತಟ್ಟೆ ಎತ್ತಿದವರು ಹಾಗೆಯೇ ನಿಂತರು.

"ಇದ್ಯಾವ ದೇವ್ರು ಬೇ?"

"ನಿಮ್ಮ ಮಗಂದ್ರಿ" ಎಂದೆ.

ಬಾಗಿಲ ಕಡೆಯಿಂದ ಚಹಾ ನೆತ್ತಿಗೇರಿದ ಕೆಮ್ಮು ಕೇಳಿಸಿತು. ಅತ್ತೆಗೆ ಓದು ಬರದಿರಬಹುದು, ಕಿವಿ ಚೆನ್ನಾಗಿವೆ. ಒಂದು ಸಲ ತೆರೆ ನೋಡಿದರು, ಒಂದು ಸಲ ಮಗನನ್ನು ನೋಡಿದರು. ನಿನ್ನೆ ರಾತ್ರಿ ಗಂಗಾವತಿಗೆ ಹೋದ ಫೋನು ಅವರ ಮುಖದ ಮೇಲೆ ಬಂದು ನಿಂತಿತು.

"ನನ್ನ ದೇವ್ರೆಲ್ಲಾ ಸುಮ್ಮನ ಕುಂತಿದ್ರಲ್ಲೋ ತಮ್ಮಾ. ಒದರಿದ್ದು ಇದೊಂದ. ಇದರ ಬಾಯಿ ಯಾಕ ಬಂದ್ ಮಾಡ್ಲಿಲ್ಲ? ಇದಕ್ಕ ಮಂಗಳಾರತಿ ಯಾವಾಗಿತ್ತು?"

"ಅವ್ವಾ, ಅದು… ಟಾಸ್ ಯಾರ್ ಗೆದ್ದಾರ ಅನ್ನೂದು…" ಎಂದರು ಯಜಮಾನರು. ಅಷ್ಟೇ. ಸ್ವಂತ ಮನೆ, ಬಾಡಿಗೆ ಮನೆಯ ಭಾಷಣವೆಲ್ಲ ಎಲ್ಲಿ ಹೋಗಿತ್ತೋ.

"ಮುಚ್ಚು ಬೇ ಇದನ್ನ" ಎಂದರು ಅತ್ತೆ ನನಗೆ. "ಆರತಿ ಬ್ಯಾಡ. ಹಂಗ ಮುಚ್ಚು."

ಮುಚ್ಚಿದೆ. ಡೋಲು ನಿಂತಿತು. ಅತ್ತೆ ಕರ್ಪೂರ ಶಾಂತವಾಗುವ ತನಕ ಕಾದು, ಮಗನ ಕಡೆ ತಿರುಗಿದರು.

"ನಿನ್ನಿ ಬಂದ ಆ ಮಂದಿಗಿ ಫೋನ್ ಹಚ್ಚು. ನಮ್ಮ ದೇವ್ರದು ತಪ್ಪಿಲ್ಲ, ತಪ್ಪು ನಂದು ಅನ್ನು. ನನ್ನ ಎದುರಿಗೆ ಅನ್ನು."

ಯಜಮಾನರು ನನ್ನ ಕಡೆ ನೋಡಿದರು. ಬಿಡಿಸುತ್ತೇನೆ ಎಂದುಕೊಂಡಿರಬೇಕು. ನಾನು ನಂಬರ್ ತೆಗೆದುಕೊಟ್ಟೆ. ಕುಷ್ಟಗಿಯ ಬಸ್ಸು ಹೋಯಿತು. ಅವರು ಗೋಡೆಗೆ ಒರಗಿ, ಆ ಕನ್ನಡಕದ ಮೇಡಂಗೆ, ನಾನು ಎಂದೂ ಕೇಳದಷ್ಟು ಸಣ್ಣ ದನಿಯಲ್ಲಿ ಹೇಳಿದರು: "ಮೇಡಂ, ಅದು ದೇವಸ್ಥಾನ ಅಲ್ರಿ. ನಮ್ಮ ಮನಿಯವ್ರದೂ ತಪ್ಪಿಲ್ರಿ. ನಾ ಮ್ಯಾಚ್ ಹಚ್ಚಿಟ್ಟಿದ್ದೆ ರೀ." ಆ ಕಡೆಯಿಂದ ಬಂದ ನಗು ನನಗೂ ಕೇಳಿಸಿತು. ಆಮೇಲೆ ಅವರು ಇನ್ನೇನೋ ಹೇಳಿದರು. ಯಜಮಾನರು ಹೂಂ, ಹೂಂ ಎಂದು ಫೋನ್ ಇಟ್ಟರು.

"ಏನಂದ್ರು?" ಎಂದರು ಅತ್ತೆ.

"ದೇವ್ರದು ತಪ್ಪಿಲ್ಲ ಅಂತ ಒಪ್ಪಿದ್ರವ್ವಾ."

"ಮತ್ತ ಇಕಿ ನೌಕ್ರಿ?"

ಯಜಮಾನರು ನೆಲ ನೋಡಿದರು. "ನಿನ್ನಿ ಸಂಜಿಕಿನ ಬ್ಯಾರೇದವ್ರಿಗೆ ಕೊಟ್ಟಾರಂತ."

ಅತ್ತೆ ತಟ್ಟೆ ಹಿಡಿದು ನಿಂತೇ ಇದ್ದರು. ನಾನು ಲ್ಯಾಪ್‌ಟಾಪನ್ನು ಹೊಲಿಗೆ ಮೆಷಿನ್ನಿನಿಂದ ಎತ್ತಿ ತೊಡೆಯ ಮೇಲೆ ಇಟ್ಟುಕೊಂಡು ಪಾಸ್‌ವರ್ಡ್ ಬದಲಿಸಿದೆ. ಆಮೇಲೆ ಆ್ಯಪ್ ಹಾಕಿದೆ. ಯಾರನ್ನೂ ಕೇಳಲಿಲ್ಲ.